ಹಡಗು ಹತ್ತಿ ಹೋದ ಮಂತ್ರಿ, ಮ್ಯಾಂಡರಿನ್ ಆಗಿ ತಿರುಗಿ ಬಂದ ಕಥೆ

ಹೋದ ಮುಂಗಾರಿನಲ್ಲಿ ನಮ್ಮ ಸೋದರಮಾವ ನರ್ಸರಿಯಿಂದ ನಾಲ್ಕು ಕಿತ್ತಳೆ ಸಸಿ ತಂದರು. ಸಸಿಗೆ ಕಟ್ಟಿದ್ದ ಚೀಟಿಯಲ್ಲಿ 'ಕೂರ್ಗ್ ಮ್ಯಾಂಡರಿನ್' ಎಂದು ಬರೆದಿತ್ತು.

'ಮ್ಯಾಂಡರಿನ್ ಅಂದ್ರೆ ಚೀನಾದವರ ಭಾಷೆ ಅಲ್ವೇನೋ? ನಮ್ಮ ಕೊಡಗಿನ ಕಿತ್ತಳೆಗೆ ಆ ಹೆಸರು ಹೆಂಗೆ ಬಂತು?' ಎಂದು ಮಾವ ಕೇಳಿದರು. ನನಗೂ ಗೊತ್ತಿರಲಿಲ್ಲ. ಆದರೆ ಇಂಗ್ಲಿಷ್ ಪತ್ರಿಕೆಗಳಲ್ಲಿ ಇದೇ ಪದವನ್ನು ಬೇರೆ ಅರ್ಥದಲ್ಲಿ ನೋಡಿದ್ದೆ. ದೆಹಲಿಯ ಹಣಕಾಸು ಇಲಾಖೆಯ ದೊಡ್ಡ ಅಧಿಕಾರಿಗಳನ್ನು ಅವು 'ಮ್ಯಾಂಡರಿನ್‌ಗಳು' ಎಂದು ಕರೆಯುತ್ತವೆ.

ಒಂದೇ ಪದ. ಹಣ್ಣಿಗೂ ಅದೇ, ಭಾಷೆಗೂ ಅದೇ, ಅಧಿಕಾರಿಗೂ ಅದೇ. ಹುಡುಕುತ್ತಾ ಹೋದರೆ ಮೂರಕ್ಕೂ ಬೇರು ಸಿಕ್ಕಿದ್ದು ನಾವು ದಿನಾ ಆಡುವ ಒಂದು ಮಾತಿನಲ್ಲಿ. ಅದು 'ಮಂತ್ರಿ'.

ಮಂತ್ರಿ ಎಂದರೆ ಮೊದಲು ಯಾರು?

ಈಗ ನಮಗೆ ಮಂತ್ರಿ ಎಂದರೆ ಕೆಂಪು ದೀಪದ ಕಾರು, ಹಾರ, ತುರಾಯಿ ನೆನಪಾಗುತ್ತದೆ. ಕೆಂಪು ದೀಪ ಹೋಗಿ ವರ್ಷಗಳಾದರೂ ಕಣ್ಣಿನ ಮುಂದೆ ಬರುವುದು ಅದೇ. ಪದದ ಮೂಲ ಅರ್ಥ ಮಾತ್ರ ಬೇರೆ. ಸಂಸ್ಕೃತದಲ್ಲಿ 'ಮಂತ್ರ' ಎಂಬುದಕ್ಕೆ ದೇವರ ಮಂತ್ರದ ಜೊತೆಗೆ ಗುಟ್ಟಾಗಿ ಕೂತು ಮಾಡುವ ಆಲೋಚನೆ, ಸಲಹೆ ಎಂಬ ಅರ್ಥವೂ ಇದೆ. ಸಲಹೆ ಕೊಡುವವನು ಮಂತ್ರಿ. ಕನ್ನಡದ 'ಮಂತ್ರಾಲೋಚನೆ' ಎಂಬ ಮಾತಿನಲ್ಲಿ ಆ ಅರ್ಥ ಇನ್ನೂ ಉಳಿದಿದೆ.

ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಮಂತ್ರಿಯನ್ನು ಆರಿಸುವ ಬಗೆ ಹೇಳಿದೆ. ಶತಮಾನಗಳ ಕಾಲ ಕಣ್ಮರೆಯಾಗಿದ್ದ ಈ ಗ್ರಂಥದ ತಾಳೆಗರಿ ಪ್ರತಿಯನ್ನು ಗುರುತಿಸಿ, 1909ರಲ್ಲಿ ಅಚ್ಚು ಹಾಕಿಸಿದವರು ನಮ್ಮ ಮೈಸೂರಿನ ಓರಿಯಂಟಲ್ ಲೈಬ್ರರಿಯಲ್ಲಿದ್ದ ಆರ್. ಶಾಮಶಾಸ್ತ್ರಿಗಳು.

ಅದರ ಪ್ರಕಾರ ರಾಜ ತನ್ನ ಅಧಿಕಾರಿಗಳನ್ನು ನಾಲ್ಕು ಬಗೆಯಲ್ಲಿ ಗುಟ್ಟಾಗಿ ಪರೀಕ್ಷೆ ಮಾಡಬೇಕು. ಧರ್ಮದ ಹೆಸರಿನಲ್ಲಿ, ಹಣದ ಆಸೆಯಲ್ಲಿ, ಹೆಣ್ಣಿನ ಆಸೆಯಲ್ಲಿ, ಜೀವಭಯದಲ್ಲಿ ಅವನು ಅಲುಗಾಡುತ್ತಾನೋ ಇಲ್ಲವೋ ನೋಡಬೇಕು. ಹಣದ ಪರೀಕ್ಷೆ ಗೆದ್ದವನಿಗೆ ಕಂದಾಯ ಮತ್ತು ಬೊಕ್ಕಸದ ಕೆಲಸ. ಧರ್ಮದ ಪರೀಕ್ಷೆ ಗೆದ್ದವನಿಗೆ ನ್ಯಾಯದ ಕೆಲಸ. ನಾಲ್ಕನ್ನೂ ಗೆದ್ದವನು ಮಾತ್ರ ಮಂತ್ರಿ. ನಾಲ್ಕರಲ್ಲೂ ಬಿದ್ದವನನ್ನು ಗಣಿಗೋ, ಕಾಡಿಗೋ, ಆನೆ ಕಾಯುವುದಕ್ಕೋ ಕಳಿಸಬೇಕಂತೆ!

ಓದು ಬರಹ ಎಷ್ಟು ಬರುತ್ತದೆ ಎನ್ನುವುದಕ್ಕಿಂತ ಮನುಷ್ಯ ಎಂಥವನು ಎಂದು ತಿಳಿಯುವ ಪರೀಕ್ಷೆ ಇದು. ಇದನ್ನು ಒಂದಿಷ್ಟು ನೆನಪಿಟ್ಟುಕೊಳ್ಳಿ. ಮುಂದೆ ಬರುವುದು ಬೇರೆ ಥರದ ಪರೀಕ್ಷೆ.

ಕಡಲು ದಾಟಿದ ಪದ

ನಮ್ಮ ಕಡಲ ತೀರದಿಂದ ವ್ಯಾಪಾರಿಗಳು ಪೂರ್ವದ ದ್ವೀಪಗಳಿಗೆ ಹೋಗುತ್ತಿದ್ದದ್ದು ಸಾವಿರಾರು ವರ್ಷಗಳ ಮಾತು. ಬಟ್ಟೆ, ಮಸಾಲೆಯ ಜೊತೆಗೆ ಪದಗಳೂ ಹೋದವು. 'ಮಂತ್ರಿ' ಮಲಯ ಭಾಷೆಯಲ್ಲಿ 'ಮೆಂತೆರಿ' ಆಯಿತು. ಇವತ್ತಿಗೂ ಮಲೇಷ್ಯಾದ ಪ್ರಧಾನಿಯನ್ನು 'ಪರ್ದಾನಾ ಮೆಂತೆರಿ' ಎನ್ನುತ್ತಾರೆ. ನಮ್ಮ ಪ್ರಧಾನ, ನಮ್ಮ ಮಂತ್ರಿ, ಎರಡೂ ಅಲ್ಲಿವೆ.

ಇಂಡೋನೇಷ್ಯಾದಲ್ಲಿ ಇನ್ನೂ ಒಂದು ಸ್ವಾರಸ್ಯವಿದೆ. ಅಲ್ಲಿ ಸಚಿವರಿಗೆ 'ಮೆಂತೆರಿ' ಎನ್ನುತ್ತಾರೆ. ಹಳ್ಳಿಗಳಲ್ಲಿ ಇಂಜೆಕ್ಷನ್ ಕೊಡುವ, ಗಾಯಕ್ಕೆ ಮದ್ದು ಹಾಕುವ ಆರೋಗ್ಯ ಸಹಾಯಕನಿಗೆ 'ಮಂತ್ರಿ' ಎನ್ನುತ್ತಾರೆ. ಕೆಳಗಿನ ಹಂತದ ಸರ್ಕಾರಿ ನೌಕರನಿಗೆ ಡಚ್ಚರ ಕಾಲದಿಂದ ಬಂದ ಹೆಸರು ಅದು. ಅಂದರೆ ಅಲ್ಲಿ ಕರೆದರೆ ಮನೆಗೆ ಬರುವ ಮಂತ್ರಿ ಇದ್ದಾನೆ.

1511ರಲ್ಲಿ ಪೋರ್ಚುಗೀಸರು ಮಲಕ್ಕಾ ಬಂದರನ್ನು ಹಿಡಿದರು. ಗೋವಾ ಹಿಡಿದ ಮರುವರ್ಷವೇ ಇದು. ಅಲ್ಲಿಂದ ಮುಂದೆ ಚೀನಾಕ್ಕೆ ಹೋದಾಗ, ಅಲ್ಲಿನ ಅಧಿಕಾರಿಗಳನ್ನು ಮಲಕ್ಕಾದಲ್ಲಿ ಕಲಿತ ಪದದಿಂದಲೇ ಕರೆದರು. 'ಮೆಂತೆರಿ' ಅವರ ಬಾಯಲ್ಲಿ 'ಮಂದರಿಂ' ಆಯಿತು. ಪೋರ್ಚುಗೀಸಿನಲ್ಲಿ 'ಮಂದಾರ್' ಎಂದರೆ ಅಪ್ಪಣೆ ಮಾಡು ಎಂದರ್ಥ. ಪದ ಆ ಕಡೆಗೆ ವಾಲಿಕೊಂಡಿತು.

ಸಲಹೆ ಕೊಡುವವನು ಅಪ್ಪಣೆ ಮಾಡುವವನಾದದ್ದು ಹೀಗೆ, ಒಂದು ಹಡಗಿನ ದಾರಿಯಲ್ಲಿ.

ಈ ಪದಕ್ಕೆ ಬೇರು 'ಮಂದಾರ್' ಅಲ್ಲ, 'ಮಂತ್ರಿ' ಎಂದು ಸ್ಪಷ್ಟವಾಗಿ ಬರೆದದ್ದು 1886ರಲ್ಲಿ ಅಚ್ಚಾದ 'ಹಾಬ್ಸನ್-ಜಾಬ್ಸನ್' ಎಂಬ ನಿಘಂಟು. ಅದನ್ನು ಮಾಡಿದ ಇಬ್ಬರಲ್ಲಿ ಒಬ್ಬರಾದ ಎ.ಸಿ. ಬರ್ನೆಲ್ ನಮ್ಮ ಮಂಗಳೂರಿನಲ್ಲಿ ನ್ಯಾಯಾಧೀಶರಾಗಿದ್ದವರು, ತುಳುನಾಡಿನ ಭೂತಗಳ ಪಾಡ್ದನಗಳನ್ನು ಸಂಗ್ರಹಿಸಿದವರು. ಮ್ಯಾಂಡರಿನ್ ಪದದ ಜಾಡು ಹಿಡಿದ ಅವರೂ ಒಬ್ಬ ಸಿವಿಲ್ ಸರ್ವಿಸ್ ಅಧಿಕಾರಿಯೇ.

ಸಣ್ಣ ಗೂಡಿನಲ್ಲಿ ಕೂತು ಬರೆದವರು

ಚೀನಾದಲ್ಲಿ ಅಧಿಕಾರಿಯಾಗಲು ಪರೀಕ್ಷೆ ಬರೆಯಬೇಕಿತ್ತು. ಸುಮಾರು ಕ್ರಿ.ಶ. 600ರ ಹೊತ್ತಿಗೆ ಶುರುವಾದ ಈ ಪದ್ಧತಿ 1905ರವರೆಗೆ ನಡೆಯಿತು. ಹತ್ತಿರ ಹತ್ತಿರ 1300 ವರ್ಷ.

ಮೊದಲು ಊರಿನ ಮಟ್ಟ, ಆಮೇಲೆ ಪ್ರಾಂತ್ಯದ ಮಟ್ಟ, ಆಮೇಲೆ ರಾಜಧಾನಿ, ಕೊನೆಗೆ ಅರಮನೆ. ಪ್ರಾಂತ್ಯದ ಪರೀಕ್ಷೆ ಮೂರು ವರ್ಷಕ್ಕೊಮ್ಮೆ. ಒಬ್ಬೊಬ್ಬರಿಗೆ ಒಂದೊಂದು ಗೂಡು. ಕಾಲು ಚಾಚಿ ಮಲಗಲೂ ಆಗದಷ್ಟು ಸಣ್ಣದು. ಅದರೊಳಗೇ ಬರೆಯುವುದು, ಅಡುಗೆ ಮಾಡಿಕೊಳ್ಳುವುದು, ನಿದ್ದೆ ಮಾಡುವುದು. ನಾನ್‌ಜಿಂಗ್ ಪಟ್ಟಣದ ಪರೀಕ್ಷಾ ಆವರಣದಲ್ಲಿ ಇಂಥ ಗೂಡುಗಳು 20 ಸಾವಿರಕ್ಕೂ ಹೆಚ್ಚಿದ್ದವು. ಕೈಬರಹದ ಗುರುತು ಸಿಗಬಾರದೆಂದು ಉತ್ತರಗಳನ್ನು ಬೇರೆಯವರು ನಕಲು ಮಾಡಿ ಮೌಲ್ಯಮಾಪಕರಿಗೆ ಕೊಡುತ್ತಿದ್ದರು.

ಪಾಸಾದವನಿಗೆ ದೊಡ್ಡ ಮರ್ಯಾದೆ. ಒಂಬತ್ತು ದರ್ಜೆಗಳಿದ್ದವು. ಎದೆಯ ಮೇಲೆ ಚೌಕಾಕಾರದ ಕಸೂತಿ. ಅದರಲ್ಲಿರುವ ಹಕ್ಕಿ ನೋಡಿದರೆ ಯಾವ ದರ್ಜೆ ಎಂದು ಗೊತ್ತಾಗುತ್ತಿತ್ತು. ಮೊದಲ ದರ್ಜೆಗೆ ಕೊಕ್ಕರೆಯ ಜಾತಿಯ ಕ್ರೇನ್ ಹಕ್ಕಿ. ಜನ ತಮ್ಮ ಊರಿನ ಅಧಿಕಾರಿಯನ್ನು 'ತಾಯಿ ತಂದೆ ಅಧಿಕಾರಿ' ಎನ್ನುತ್ತಿದ್ದರು. 'ಸ್ವಾಮೀ, ತಾವೇ ನಮ್ಮ ತಾಯಿ ತಂದೆ' ಎಂದು ಕೈಮುಗಿಯುವುದು ನಮ್ಮಲ್ಲೊಂದೇ ಅಲ್ಲ.

ಹುಟ್ಟಿದ ಮನೆತನ ನೋಡದೆ ಓದಿದವನಿಗೆ ಅಧಿಕಾರ ಕೊಡುವುದು ಆ ಕಾಲಕ್ಕೆ ಬಹಳ ದೊಡ್ಡ ಮಾತು. ಯುರೋಪಿನಲ್ಲಿ ಆಗ ಹುದ್ದೆಗಳು ಜಮೀನ್ದಾರರ ಮಕ್ಕಳಿಗೆ ಹೋಗುತ್ತಿದ್ದವು, ಕೆಲವು ಕಡೆ ಮಾರಾಟವೂ ಆಗುತ್ತಿದ್ದವು. ಆದರೆ ಚೀನಾದ ಬಾಗಿಲೂ ಎಲ್ಲರಿಗೆ ತೆರೆದಿರಲಿಲ್ಲ. ಹೆಂಗಸರಿಗೆ ಪ್ರವೇಶ ಇರಲಿಲ್ಲ. ನಾಟಕದವರ ಮಕ್ಕಳು, ಕಚೇರಿಯ ಜವಾನರ ಮಕ್ಕಳು ಪರೀಕ್ಷೆಗೆ ಕೂರುವಂತಿರಲಿಲ್ಲ.

52 ಜನರಲ್ಲಿ ಉತ್ತರದವರು ಒಬ್ಬರೂ ಇಲ್ಲ

1397ರಲ್ಲಿ ಒಂದು ಘಟನೆ ನಡೆಯಿತು. ರಾಜಧಾನಿಯ ಪರೀಕ್ಷೆಯಲ್ಲಿ 52 ಜನ ಪಾಸಾದರು. ಪಟ್ಟಿ ನೋಡಿದರೆ ಎಲ್ಲರೂ ದಕ್ಷಿಣ ಚೀನಾದವರು. ಉತ್ತರದವರು ದಂಗೆ ಎದ್ದಂತೆ ಗಲಾಟೆ ಮಾಡಿದರು.

ಆಗಿನ ಚಕ್ರವರ್ತಿ ಹೊಂಗ್‌ವು ಬಡ ರೈತನ ಮಗ, ಹಸಿವು ಕಂಡವನು. ಉತ್ತರ ಪತ್ರಿಕೆಗಳನ್ನು ಮತ್ತೊಮ್ಮೆ ನೋಡಿ ಎಂದ. ನೋಡಿದವರು 'ಮೋಸ ನಡೆದಿಲ್ಲ, ದಕ್ಷಿಣದವರೇ ಚೆನ್ನಾಗಿ ಬರೆದಿದ್ದಾರೆ' ಎಂದು ವರದಿ ಕೊಟ್ಟರು. ಚಕ್ರವರ್ತಿ ಸಿಟ್ಟಿಗೆದ್ದ. ಪರೀಕ್ಷಕರಲ್ಲಿ ಕೆಲವರ ತಲೆ ಹೋಯಿತು, ಮುಖ್ಯ ಪರೀಕ್ಷಕರಾಗಿದ್ದ ಮುದುಕರು ಗಡಿಪಾರಾದರು. ಮರುಪರೀಕ್ಷೆ ನಡೆಸಿ 61 ಜನರನ್ನು ಆರಿಸಿದರು. ಈ ಸಲ ಎಲ್ಲರೂ ಉತ್ತರದವರು!

ಅವನು ಕೊಟ್ಟ ಶಿಕ್ಷೆ ಕ್ರೂರವಾದದ್ದು, ಅದನ್ನು ಯಾರೂ ಒಪ್ಪುವುದಿಲ್ಲ. ಆದರೆ ಅದರ ಹಿಂದಿನ ಪ್ರಶ್ನೆ ಸುಳ್ಳಾಗಿರಲಿಲ್ಲ. ದಕ್ಷಿಣದಲ್ಲಿ ಸಂಪತ್ತಿತ್ತು, ಶಾಲೆಗಳಿದ್ದವು, ಅಚ್ಚಾದ ಪುಸ್ತಕ ಸಿಗುತ್ತಿತ್ತು. ಉತ್ತರ ತಲೆಮಾರುಗಳ ಕಾಲ ಯುದ್ಧದಲ್ಲಿ ಬೆಂದಿತ್ತು. ಪ್ರಶ್ನೆ ಪತ್ರಿಕೆ ಒಂದೇ ಆದರೂ ಇಬ್ಬರೂ ಹೊರಟ ಜಾಗ ಒಂದೇ ಆಗಿರಲಿಲ್ಲ.

1420ರ ದಶಕದಲ್ಲಿ ಇದಕ್ಕೊಂದು ಶಾಂತವಾದ ದಾರಿ ಹುಡುಕಿದರು. ಪಾಸಾಗುವ ಪ್ರತಿ 100 ಜಾಗದಲ್ಲಿ 60 ದಕ್ಷಿಣಕ್ಕೆ, 40 ಉತ್ತರಕ್ಕೆ. ಮುಂದೆ ನಡುಪ್ರಾಂತ್ಯಕ್ಕೂ ಒಂದು ಪಾಲು ಕೊಟ್ಟರು. ಆರುನೂರು ವರ್ಷದ ಹಿಂದೆಯೇ ಇಂಥ ಮೀಸಲಾತಿ ಇತ್ತು.

ಅಧಿಕಾರಿಗಳ ಮಾತು

ಮ್ಯಾಂಡರಿನ್ ಭಾಷೆ ಎಂಬ ಹೆಸರು ಎಲ್ಲಿಂದ ಬಂತು ಎಂಬುದು ಇಲ್ಲೇ ಇದೆ. ಚೀನಾದಲ್ಲಿ ಅಧಿಕಾರಿಯನ್ನು ಅವನ ಸ್ವಂತ ಪ್ರಾಂತ್ಯಕ್ಕೆ ಹಾಕುತ್ತಿರಲಿಲ್ಲ. ನೆಂಟರು, ಇಷ್ಟರು ಎಂದು ಪಕ್ಷಪಾತ ಮಾಡಬಾರದಲ್ಲ. ಒಂದೇ ಕಡೆ ಬಹಳ ವರ್ಷ ಇಡುತ್ತಲೂ ಇರಲಿಲ್ಲ. ಹಾಗಾಗಿ ಬೇರೆ ಬೇರೆ ಪ್ರಾಂತ್ಯದ ಅಧಿಕಾರಿಗಳು ತಮ್ಮೊಳಗೆ ಆಡಲು ಒಂದು ಮಾತು ಬೇಕಾಯಿತು. ಅದನ್ನು ಅವರು 'ಗ್ವಾನ್‌ಹ್ವಾ' ಎಂದರು. ಅಂದರೆ ಅಧಿಕಾರಿಗಳ ಮಾತು. ಯುರೋಪಿನವರು ಅದನ್ನೇ ಮ್ಯಾಂಡರಿನ್ ಭಾಷೆ ಎಂದರು.

1728ರಲ್ಲಿ ಯೊಂಗ್‌ಜೆಂಗ್ ಚಕ್ರವರ್ತಿಗೆ ದಕ್ಷಿಣದ ಎರಡು ಪ್ರಾಂತ್ಯಗಳಿಂದ ಬಂದ ಅಧಿಕಾರಿಗಳು ಆಡುವುದೇ ಅರ್ಥವಾಗಲಿಲ್ಲ. ಆ ಪ್ರಾಂತ್ಯದವರು ಗ್ವಾನ್‌ಹ್ವಾ ಕಲಿಯಬೇಕೆಂದು ಅಪ್ಪಣೆ ಹೊರಡಿಸಿದ. ಜನ ಅಧಿಕಾರಿಯ ಮಾತು ಕಲಿಯಬೇಕು ಎಂದಾಯಿತು.

ಊರಿನ ಮಾತು ಬಾರದ ಅಧಿಕಾರಿ ಏನು ಮಾಡಬೇಕು? ಅಲ್ಲೇ ಇರುವ ಗುಮಾಸ್ತನನ್ನು ನಂಬಬೇಕು. ಅಧಿಕಾರಿ ಬದಲಾಗುತ್ತಿದ್ದ, ಗುಮಾಸ್ತ ಅಲ್ಲೇ ಇರುತ್ತಿದ್ದ. ಯಾರ ಹೊಲ ಎಲ್ಲಿಂದ ಎಲ್ಲಿಯವರೆಗೆ, ಯಾರ ಕಂದಾಯ ಬಾಕಿ ಎಂಬುದೆಲ್ಲ ಅವನ ಕಡತದಲ್ಲಿ. ಜನ ಅವನ ಕೈ ಬೆಚ್ಚಗೆ ಮಾಡದೆ ಕಾಗದ ಅಲುಗುತ್ತಿರಲಿಲ್ಲ.

ನಮ್ಮ ಹಿರಿಯರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಶಾಸನಗಳ ಕಾಲದ 'ಸೇನಬೋವ' ಮುಂದೆ 'ಶಾನುಭೋಗ' ಆದ. ರಾಜರು ಬದಲಾದರು, ಕಲೆಕ್ಟರುಗಳು ಬದಲಾದರು, ಲೆಕ್ಕದ ಪುಸ್ತಕ ಮಾತ್ರ ಒಂದೇ ಮನೆಯಲ್ಲಿ ಉಳಿಯಿತು. ವಂಶಪಾರಂಪರ್ಯದ ಗ್ರಾಮ ಹುದ್ದೆಗಳನ್ನು ತೆಗೆಯುವ ಕಾನೂನು ನಮ್ಮಲ್ಲಿ ಬಂದದ್ದು 1961ರಲ್ಲಿ.

ನಮ್ಮ ಮಾವನಿಗೂ ಒಂದು ಕಾಗದ ಬಂದಿತ್ತು. ಜಮೀನಿನ ಪೋಡಿಗೆ ಅರ್ಜಿ ಹಾಕಿದ್ದರು. ಕಚೇರಿಯಿಂದ ಹಿಂಬರಹ ಬಂತು. ಕನ್ನಡದಲ್ಲೇ ಇತ್ತು. 'ಸದರಿ ಅರ್ಜಿಯನ್ನು ವಿಲೇಗೊಳಿಸಲಾಗಿದೆ' ಎಂದು ಕೊನೆಯ ಸಾಲು. ವಿಲೇ ಆಯಿತು ಎಂದರೆ ಕೆಲಸ ಆಯಿತು ಎಂದುಕೊಂಡು ಮಾವ ಸರ್ವೆಯವರು ಬರುತ್ತಾರೆಂದು ಎಂಟು ತಿಂಗಳು ಕಾದರು. ಅದರ ಅರ್ಥ ಕಡತ ಮುಚ್ಚಿದೆ ಎಂದು. ಒಂದು ದಾಖಲೆ ಕೊಟ್ಟಿರಲಿಲ್ಲ, ಅಷ್ಟೇ.

ಕನ್ನಡದೊಳಗೂ ಒಂದು ಗ್ವಾನ್‌ಹ್ವಾ ಇದೆ. ಸದರಿ, ಬಾಬ್ತು, ಷರಾ, ವಿಲೇ. ಓದಲು ಬಂದವರಿಗೂ ತಿಳಿಯದ ಕನ್ನಡ.

ಪರೀಕ್ಷೆ ನಮ್ಮ ಕಡೆಗೆ ಬಂತು

ಚೀನಾದ ಪರೀಕ್ಷೆಯ ಸುದ್ದಿ ಯುರೋಪಿನವರನ್ನು ಬೆರಗು ಮಾಡಿತ್ತು. 1853ರ ಕಾನೂನಿನ ನಂತರ, 1855ರಿಂದ, ಭಾರತವನ್ನು ಆಳುವ ಅಧಿಕಾರಿಗಳನ್ನು ಲಂಡನ್ನಿನಲ್ಲಿ ಸ್ಪರ್ಧಾತ್ಮಕ ಪರೀಕ್ಷೆ ನಡೆಸಿ ಆರಿಸತೊಡಗಿದರು. ಬ್ರಿಟನ್ನಿನ ಒಳಗೂ ಇದೇ ಪದ್ಧತಿ ತರಬೇಕೆಂದು 1854ರಲ್ಲಿ ವರದಿ ಬಂದಾಗ, ಬೇಡ ಎನ್ನುವವರು 'ಇದು ಚೀನಾದವರ ಪದ್ಧತಿ' ಎಂದು ಹಂಗಿಸಿದರು. ಮುಂದೆ ಅಲ್ಲಿನ ಹಿರಿಯ ಅಧಿಕಾರಿಗಳಿಗೂ 'ಮ್ಯಾಂಡರಿನ್' ಎಂಬ ಹೆಸರು ಅಂಟಿಕೊಂಡಿತು.

ಲಂಡನ್ನಿನಲ್ಲಿ ಪರೀಕ್ಷೆ ಎಂದರೆ ಹಡಗಿನ ಖರ್ಚು ಕೊಡಬಲ್ಲವನಿಗೆ ಮಾತ್ರ. 1863ರಲ್ಲಿ ಮೊದಲ ಭಾರತೀಯರಾಗಿ ಪಾಸಾದವರು ಸತ್ಯೇಂದ್ರನಾಥ ಟಾಗೋರ್. ರವೀಂದ್ರನಾಥರ ಅಣ್ಣ, ದೊಡ್ಡ ಮನೆತನದವರು. ಅವರು ಕಾರವಾರದಲ್ಲಿ ನ್ಯಾಯಾಧೀಶರಾಗಿದ್ದಾಗ ತಮ್ಮ ಬಂದು ಉಳಿದಿದ್ದ ನೆನಪಿಗೆ ಅಲ್ಲಿನ ಕಡಲ ತೀರಕ್ಕೆ ಟಾಗೋರ್ ಹೆಸರಿದೆ. ಭಾರತದಲ್ಲೇ ಪರೀಕ್ಷೆ ಬರೆಯಲು ಅವಕಾಶ ಆದದ್ದು 1922ರಲ್ಲಿ.

ಮೈಸೂರು ಸಂಸ್ಥಾನದಲ್ಲಿ ಶೇಷಾದ್ರಿ ಅಯ್ಯರ್ ದಿವಾನರಾಗಿದ್ದಾಗ ಮೈಸೂರು ಸಿವಿಲ್ ಸರ್ವಿಸ್ ಪರೀಕ್ಷೆ ಶುರುವಾಯಿತು. ನಮ್ಮ ಮಾಸ್ತಿ ವೆಂಕಟೇಶ ಅಯ್ಯಂಗಾರರೂ ಆ ಪರೀಕ್ಷೆ ಪಾಸು ಮಾಡಿ 1914ರಲ್ಲಿ ಕೆಲಸಕ್ಕೆ ಸೇರಿದವರು. ಬಡತನದಲ್ಲಿ ಬೆಳೆದ ಹುಡುಗನಿಗೆ ಪರೀಕ್ಷೆ ಬಾಗಿಲು ತೆರೆದದ್ದು ನಿಜ. ತಮಗಿಂತ ಕಿರಿಯರಿಗೆ ಮಂತ್ರಿಗೆ ಸಮನಾದ ಹುದ್ದೆ ಕೊಟ್ಟಾಗ ಅವರು 1943ರಲ್ಲಿ ರಾಜೀನಾಮೆ ಕೊಟ್ಟು ಬಂದದ್ದೂ ನಿಜ.

ಆದರೆ ಒಟ್ಟು ಪಟ್ಟಿ ನೋಡಿದರೆ ಮೈಸೂರಿನಲ್ಲೂ 1397ರ ಕಥೆಯೇ ನಡೆದಿತ್ತು. ಸರ್ಕಾರಿ ಹುದ್ದೆಗಳಲ್ಲಿ ಬಹುಪಾಲು ಬ್ರಾಹ್ಮಣರು. ಒಕ್ಕಲಿಗರು, ಲಿಂಗಾಯತರು, ಮುಸ್ಲಿಮರು, ಇತರರು ತೀರ ಕಡಿಮೆ. 1917ರಲ್ಲಿ ಪ್ರಜಾಮಿತ್ರ ಮಂಡಳಿ ಹುಟ್ಟಿತು. ಅವರು ನಾಲ್ವಡಿ ಕೃಷ್ಣರಾಜ ಒಡೆಯರ ಹತ್ತಿರ ಹೋಗಿ ನಮಗೂ ಪಾಲು ಬೇಕು ಎಂದರು. ಮಹಾರಾಜರು 1918ರಲ್ಲಿ ಮುಖ್ಯ ನ್ಯಾಯಾಧೀಶ ಲೆಸ್ಲಿ ಮಿಲ್ಲರ್ ನೇತೃತ್ವದಲ್ಲಿ ಸಮಿತಿ ಮಾಡಿದರು.

ಆಗ ದಿವಾನರಾಗಿದ್ದವರು ಸರ್ ಎಂ. ವಿಶ್ವೇಶ್ವರಯ್ಯ. ನಾಡಿಗೆ ಅವರಷ್ಟು ದೊಡ್ಡ ಪರಿಣತ ಆಡಳಿತಗಾರ ಮತ್ತೊಬ್ಬರಿಲ್ಲ. ಶಾಲೆಗಳನ್ನು ಹೆಚ್ಚಿಸಿದವರು, 1916ರಲ್ಲಿ ಮೈಸೂರು ವಿಶ್ವವಿದ್ಯಾನಿಲಯ ಆಗಲು ಕಾರಣರಾದವರು. ಎಲ್ಲರಿಗೂ ವಿದ್ಯೆ ಕೊಡೋಣ, ಹುದ್ದೆಗೆ ಮಾತ್ರ ಅರ್ಹತೆಯೇ ಅಳತೆಯಾಗಲಿ ಎಂಬುದು ಅವರ ನಿಲುವು. ಮಹಾರಾಜರ ನಿಲುವು ಬೇರೆಯಾಗಿತ್ತು. 1918ರ ಕೊನೆಯಲ್ಲಿ ಅವರು ದಿವಾನಗಿರಿ ಬಿಟ್ಟರು.

ಏಳು ವರ್ಷದೊಳಗೆ ಮೇಲಿನ ಹುದ್ದೆಗಳಲ್ಲಿ ಅರ್ಧ, ಕೆಳಗಿನ ಹುದ್ದೆಗಳಲ್ಲಿ ಮೂರನೇ ಎರಡು ಪಾಲು ಬ್ರಾಹ್ಮಣೇತರರಿಗೆ ಸಿಗಬೇಕೆಂದು ಮಿಲ್ಲರ್ ಸಮಿತಿ ಹೇಳಿತು. 1921ರಲ್ಲಿ ಸರ್ಕಾರ ಅದನ್ನು ಒಪ್ಪಿ ಆದೇಶ ಹೊರಡಿಸಿತು. ಇವತ್ತು ನಮ್ಮ ಹಳ್ಳಿಗಳ ಎಷ್ಟೋ ಮನೆಯಲ್ಲಿ ಒಬ್ಬ ತಹಶೀಲ್ದಾರ, ಒಬ್ಬ ಎಂಜಿನಿಯರ್, ಒಬ್ಬ ಟೀಚರ್ ಇದ್ದರೆ, ಅದರ ಹಿಂದೆ ಈ ನೂರು ವರ್ಷದ ಹಾದಿ ಇದೆ.

ಈಗ ಆ ಪದ

ಈಗ 'ಮ್ಯಾಂಡರಿನ್' ಎಂದರೆ ಇಂಗ್ಲಿಷಿನಲ್ಲಿ ಎರಡು ಅರ್ಥ ಒಟ್ಟಿಗೆ ಬರುತ್ತವೆ. ಒಂದು, ಕೆಲಸ ಬಲ್ಲ ಹಿರಿಯ ಅಧಿಕಾರಿ. ಸರ್ಕಾರ ಬದಲಾದರೂ ಅವನು ಬದಲಾಗುವುದಿಲ್ಲ, ಕಡತದ ಮೊದಲೂ ಕೊನೆಯೂ ಅವನಿಗೆ ಗೊತ್ತು. ಇನ್ನೊಂದು, ಜನರ ಕೈಗೆ ಸಿಗದವನು. ತನ್ನದೇ ಭಾಷೆ ಆಡುವವನು, ಯಾರಿಗೂ ಲೆಕ್ಕ ಕೊಡದವನು. ಬರೆಯುವವರು ಹೊಗಳುತ್ತಿದ್ದಾರೋ ಚುಚ್ಚುತ್ತಿದ್ದಾರೋ ಸಂದರ್ಭ ನೋಡಿಯೇ ತಿಳಿಯಬೇಕು.

ನಮ್ಮ ಸಂವಿಧಾನ ಒಂದು ಕೆಲಸ ಮಾಡಿದೆ. ಮಂತ್ರಿಯನ್ನೂ ಮ್ಯಾಂಡರಿನ್ನನ್ನೂ ಬೇರೆ ಮಾಡಿ ಎದುರು ಬದುರು ಕೂರಿಸಿದೆ. ಅಧಿಕಾರಿ ಪರೀಕ್ಷೆ ಬರೆದು ಬರುತ್ತಾನೆ, ಮಂತ್ರಿ ಓಟಿನಿಂದ ಬರುತ್ತಾನೆ. ಇನ್ನೂ ಒಂದು ಮಾತು. ಸಂವಿಧಾನದ 163ನೇ ವಿಧಿಯ ಪ್ರಕಾರ ಮಂತ್ರಿಮಂಡಲದ ಕೆಲಸ ರಾಜ್ಯಪಾಲರಿಗೆ ನೆರವು ಮತ್ತು ಸಲಹೆ ಕೊಡುವುದು. ಕೌಟಿಲ್ಯನ ಕಾಲದ ಹಳೇ ಅರ್ಥ ಆ ಕಾಗದದಲ್ಲಿ ಇನ್ನೂ ಜೀವಂತವಾಗಿದೆ.

ಭಾಷೆಯ ವಿಷಯ ಪೂರ್ತಿ ಮುಗಿದಿಲ್ಲ. ಕನ್ನಡ ಆಡಳಿತ ಭಾಷೆ ಎಂಬ ಕಾನೂನು 1963ರಲ್ಲೇ ಬಂತು. ಐಎಎಸ್ ಮುಖ್ಯ ಪರೀಕ್ಷೆಯನ್ನು 1979ರಿಂದ ಕನ್ನಡದಲ್ಲೂ ಬರೆಯಬಹುದು. ಆದರೆ ಅದಕ್ಕಿಂತ ಮುಂಚಿನ ಪ್ರಿಲಿಮ್ಸ್ ಪ್ರಶ್ನೆ ಪತ್ರಿಕೆ ಇಂದಿಗೂ ಇಂಗ್ಲಿಷ್ ಮತ್ತು ಹಿಂದಿಯಲ್ಲಿ ಮಾತ್ರ. ಧಾರವಾಡದಲ್ಲಿ ರೂಮು ಮಾಡಿಕೊಂಡು ಓದುತ್ತಿರುವ ನಮ್ಮ ಕಡೆಯ ಹುಡುಗ ಹುಡುಗಿಯರಿಗೆ ಇದರ ಭಾರ ಎಷ್ಟೆಂದು ಗೊತ್ತು.

ಅವರಿಗೆ ಒಂದು ಮಾತು ಹೇಳಬೇಕು ಅನ್ನಿಸುತ್ತದೆ. ಆ ಸಣ್ಣ ಗೂಡಿನ ಪರೀಕ್ಷೆ ನೀವು ಗೆದ್ದೇ ಗೆಲ್ಲುತ್ತೀರಿ. ಗೆದ್ದು ಕುರ್ಚಿಯಲ್ಲಿ ಕೂತ ಮೇಲೆ, ನಿಮ್ಮ ಮುಂದೆ ಬರುವ ಮೊದಲ ಹಿಂಬರಹಕ್ಕೆ ಸಹಿ ಮಾಡುವ ಮುಂಚೆ ಒಮ್ಮೆ ಓದಿ ನೋಡಿ. ಅದು ನಿಮ್ಮ ಊರಿನ ಸೋದರಮಾವನಿಗೆ ಅರ್ಥವಾಗುತ್ತದೆಯೇ? ಆಗದಿದ್ದರೆ 'ವಿಲೇಗೊಳಿಸಲಾಗಿದೆ' ಎಂಬುದನ್ನು ಹೊಡೆದುಹಾಕಿ, 'ಈ ಒಂದು ದಾಖಲೆ ಬೇಕು, ತಂದುಕೊಟ್ಟರೆ ಕೆಲಸ ಮುಂದುವರಿಯುತ್ತದೆ' ಎಂದು ಬರೆಸಿ. ಅದು ಸಲಹೆ. ಮಂತ್ರಿ ಎಂಬ ಪದ ಹುಟ್ಟಿದ್ದೇ ಅದಕ್ಕೆ.

ಇದನ್ನೆಲ್ಲ ಮಾವನಿಗೆ ಹೇಳಿದೆ. ಪೂರ್ತಿ ಕೇಳಿದರು. ಆಮೇಲೆ ಸಸಿಯ ಬುಡಕ್ಕೆ ಮಣ್ಣು ಒತ್ತುತ್ತಾ, 'ಹಂಗಾದ್ರೆ ಇದು ಮಂತ್ರಿ ಕಿತ್ತಳೆ. ಐದು ವರ್ಷ ಕಾಯ್ಬೇಕು ಬಿಡು, ಹಣ್ಣು ಬಿಟ್ರೆ ಬಿಡ್ತು' ಎಂದರು.

ಪೋಡಿ ಅರ್ಜಿಯನ್ನು ಆ ದಾಖಲೆ ಸೇರಿಸಿ ಹೋದ ತಿಂಗಳು ಮತ್ತೆ ಹಾಕಿದ್ದೇವೆ.